ಗಿರಾಕಿ ಬಾರದ ಪೀಸು

ನಾನು ಯುದ್ಧದಿಂದ ದುಡ್ಡು ಮಾಡಿದವನು. ಮೊದಲೇ ಹೇಳಿಬಿಡುತ್ತೇನೆ, ಆಮೇಲೆ ಯಾರೋ ಕೆದಕಿ ತೆಗೆದು ನನ್ನ ಮುಖಕ್ಕೆ ಹಿಡಿಯುವುದು ಬೇಡ. ಹಾಸನದ ಕೈಗಾರಿಕಾ ಪ್ರದೇಶದಲ್ಲಿರುವ ನನ್ನ ಸಣ್ಣ ವರ್ಕ್‌ಶಾಪಿನಲ್ಲಿ ಒಂದು ವರ್ಷಕ್ಕೂ ಮಿಕ್ಕಿ, ದೂರದ ಯಾವುದೋ ದೇಶದ ಯುದ್ಧಕ್ಕೆ ಬೇಕಾದ ಉಕ್ಕಿನ ಪೀಸುಗಳನ್ನು ಮಾಡಿ ಕಳಿಸಿದೆವು. ಅಷ್ಟು ದಿನವೂ ನನಗೆ ಚೆನ್ನಾಗಿ ನಿದ್ದೆ ಬಂತು, ಮುದ್ದೆ ಸಲೀಸಾಗಿ ಇಳಿಯಿತು. ಯುದ್ಧದ ದುಡ್ಡು ತಿಂದವರಿಗೆ ಅನ್ನ ಗಂಟಲಲ್ಲಿ ನಿಲ್ಲುತ್ತದೆ ಎಂದು ಬರೆಯುವವರು ಬರೆದುಕೊಳ್ಳಲಿ. ನನ್ನ ಗಂಟಲಿನ ವಿಚಾರ ನನಗೇ ಗೊತ್ತು.

ನಮ್ಮದು ದೊಡ್ಡ ಕಾರ್ಖಾನೆಯೇನಲ್ಲ. ಶೀಟಿನ ಮಾಡು, ಎರಡು ಹಳೆಯ ಲೇತ್, ಒಂದು ಡ್ರಿಲ್ಲಿಂಗ್ ಮಷಿನ್ನು, ವೆಲ್ಡಿಂಗಿಗೆ ಒಂದು ಮೂಲೆ, ನಾನೂ ಸೇರಿ ಎಂಟು ಜನ. ಹೊಳೆನರಸೀಪುರದ ಅಕ್ಕಿ ಗಿರಣಿಗಳ ಶಾಫ್ಟು, ಚನ್ನರಾಯಪಟ್ಟಣದ ಎಣ್ಣೆ ಗಾಣಗಳಲ್ಲಿ ಶಾಫ್ಟು ತಿರುಗುವ ಬಳೆಯಂಥ ಬುಷ್ಷು, ಅರಕಲಗೂಡು ಕಡೆಯ ಹೊಗೆಸೊಪ್ಪಿನ ಬ್ಯಾರನ್ನುಗಳಿಗೆ ಬೇಕಾದ ಒಲೆಬಾಗಿಲು, ಇಂಥವೇ ನಮ್ಮ ಕೆಲಸ. ಬ್ಯಾರನ್ನು ಎಂದರೆ ಸೊಪ್ಪನ್ನು ಕೋಲಿಗೆ ಕಟ್ಟಿ ಬೆಂಕಿಯ ಕಾವಿನಲ್ಲಿ ಹದ ಮಾಡುವ ಎತ್ತರದ ಮನೆ. ಸೊಪ್ಪು ಒಳಗೆ ಹಾಕಿದ ಮೇಲೆ ಒಲೆಬಾಗಿಲು ಕಿತ್ತುಬಂದರೆ ಮನೆಯವರೆಲ್ಲ ತಲೆಯ ಮೇಲೆ ಕೈ ಹೊತ್ತು ಕೂರಬೇಕು. ಅಂಥವರು ಕೊಣನೂರಿನಿಂದ ಮುಂಜಾನೆಯ ಮೊದಲ ಬಸ್ಸಿಗೇ ಬಂದು ನಮ್ಮ ಬಾಗಿಲಲ್ಲಿ ನಿಲ್ಲುತ್ತಿದ್ದರು.

ಅವರು ಬರುತ್ತಿದ್ದದ್ದು ನನ್ನ ಮುಖ ನೋಡಿಕೊಂಡಲ್ಲ, ಮೇಸ್ತ್ರಿಯನ್ನು ನೋಡಿಕೊಂಡು. ಮೇಸ್ತ್ರಿ ನಮ್ಮ ಟರ್ನರ್, ಲೇತಿನ ಮೇಲೆ ಉಕ್ಕು ಕಡೆಯುವವರು. ನನಗಿಂತ ಆರೇಳು ವರ್ಷಕ್ಕೆ ದೊಡ್ಡವರು. ಹೊಳೆನರಸೀಪುರ ರಸ್ತೆಯ ಹಳ್ಳಿಯೊಂದರಿಂದ ಇಪ್ಪತ್ತೆರಡು ವರ್ಷಗಳಿಂದ ದಿನಾ ಬಸ್ಸಿನಲ್ಲಿ ಬಂದು ಹೋಗುತ್ತಾರೆ. ನಾನು ಡಿಪ್ಲೊಮಾ ಓದಿದವನು, ಅವರು ಏಳನೇ ಕ್ಲಾಸಿಗೆ ಸ್ಲೇಟು ಬಿಸಾಕಿದವರು. ಆದರೆ ಸವೆದುಹೋದ ಒಂದು ಬುಷ್ಷನ್ನು ಕೈಗೆ ಕೊಟ್ಟರೆ, ಅದು ಯಾವ ಮಷಿನ್ನಿನದು, ಎಷ್ಟು ವರ್ಷ ತಿರುಗಿದೆ, ಆ ಮನೆಯವರು ಗ್ರೀಸ್ ಹಾಕುತ್ತಿದ್ದರೋ ಸೋಮಾರಿಗಳೋ ಎಲ್ಲವನ್ನೂ ಹೇಳುತ್ತಿದ್ದರು. ಒಮ್ಮೆ ಒಬ್ಬ ಗಿರಾಕಿಗೆ ಮುಖಕ್ಕೆ ಹೊಡೆದ ಹಾಗೆ ಹೇಳಿದ್ದರು: "ಇದ್ಕೆ ಎಣ್ಣೆ ತೋರ್ಸಿ ಎಷ್ಟ್ ವರ್ಸಾಯ್ತು ಸಾಮಿ? ದನಕ್ಕಾದ್ರೂ ನೀರ್ ಕುಡುಸ್ತೀರೋ ಇಲ್ವೋ?" ಆ ಗಿರಾಕಿ ಬೈಸಿಕೊಂಡು ನಗುತ್ತಾ ಹೋದ, ಮತ್ತೆ ಮತ್ತೆ ಬಂದ.

ಕೋವಿಡ್ ಕಳೆದ ಮೇಲೆ ನಮ್ಮ ಕೆಲಸ ಬಿದ್ದುಹೋಯಿತು. ಗಿರಣಿಯವರು ಹೊಸ ಮಷಿನ್ನುಗಳನ್ನೇ ತಂದುಕೊಂಡರು. ಕೆಟ್ಟದ್ದನ್ನು ರಿಪೇರಿ ಮಾಡಿಸುವವರಿಗಿಂತ ಎಸೆದು ಬೇರೆ ತರುವವರು ಹೆಚ್ಚಾದರು. ಆ ಹೊತ್ತಿನಲ್ಲಿ ಬೆಂಗಳೂರಿನ ಕಂಪನಿಯೊಂದರ ಕಡೆಯವನು ಒಂದು ಡ್ರಾಯಿಂಗ್ ಹಿಡಿದುಕೊಂಡು ಬಂದ. ಮುಷ್ಟಿ ಗಾತ್ರದ ಪೀಸು, ಒಂದು ಕಡೆ ಅಗಲ, ಇನ್ನೊಂದು ಕಡೆ ಕಿರಿದು, ಒಳಗೂ ಹೊರಗೂ ಥ್ರೆಡ್ಡು. ಉಕ್ಕು ಅವರದೇ, ಕೆಲಸ ನಮ್ಮದು. ಡ್ರಾಯಿಂಗಿನ ಮೇಲೆ ಹೆಸರಿರಲಿಲ್ಲ, ಬರೀ ನಂಬರು. ಅದರಲ್ಲೇನೂ ವಿಶೇಷವಿಲ್ಲ. ಜಾಬ್ ವರ್ಕ್ ಮಾಡುವವರಲ್ಲಿ ಇದು ಎಲ್ಲಿಗೆ ಹೋಗುತ್ತದೆ ಎಂದು ಕೇಳುವ ಪದ್ಧತಿಯೇ ಇಲ್ಲ. ಕೇಳಿದರೆ, ನೇರವಾಗಿ ಆ ಕಂಪನಿಗೇ ಹೋಗಿ ಕೆಲಸ ಹಿಡಿಯಲು ನೋಡುತ್ತಿದ್ದಾನೆ ಎಂದು ತಿಳಿದು ಮಧ್ಯದವನು ಓಡಿಹೋಗುತ್ತಾನೆ. ಆದ್ದರಿಂದ ನಾವು ಅಳತೆ ಕೇಳುತ್ತೇವೆ, ತಾರೀಕು ಕೇಳುತ್ತೇವೆ, ಬಾಯಿ ಮುಚ್ಚಿಕೊಳ್ಳುತ್ತೇವೆ. ಅದು ನಮ್ಮ ಕಸುಬಿನ ಮರ್ಯಾದೆ ಎಂದೇ ನಾನು ತಿಳಿದಿದ್ದೆ.

ಮೊದಲ ಆರು ತಿಂಗಳು ಆ ಪೀಸುಗಳನ್ನೆಲ್ಲ ಮೇಸ್ತ್ರಿಯೇ ಲೇತಿನ ಮೇಲೆ ಮಾಡಿದರು. ಆರ್ಡರ್ ದುಪ್ಪಟ್ಟಾದಾಗ ನಾನು ಕಂಪ್ಯೂಟರಿನಿಂದ ತಾನೇ ಕಡೆಯುವ ಒಂದು ಹಳೆಯ ಸಿಎನ್‌ಸಿ ಮಷಿನ್ನು ತಂದು ನಿಲ್ಲಿಸಿದೆ, ಅದನ್ನು ನಡೆಸಲು ಇಬ್ಬರನ್ನು ಸೇರಿಸಿಕೊಂಡೆ. ಶೀಟು ಸೋರುತ್ತಿದ್ದ ಕಡೆ ಹೊಸದು ಬಿತ್ತು. ಟೀ ಬದಲು ಎಲ್ಲರಿಗೂ ಬೆಳಗ್ಗೆ ಇಡ್ಲಿ ತರಿಸುವಷ್ಟು ದೊಡ್ಡ ಮನುಷ್ಯನಾದೆ. ಅದೇ ದಿನಗಳಲ್ಲಿ ಟಿವಿಯಲ್ಲಿ ಉರಿದು ನಿಂತ ಕಟ್ಟಡಗಳನ್ನು ತೋರಿಸುತ್ತಿದ್ದರು. ಅದಕ್ಕೂ ಇದಕ್ಕೂ ನಾನು ಗಂಟು ಹಾಕಿ ನೋಡಲಿಲ್ಲ. ಹಾಕಬಹುದಿತ್ತು. ಹಾಕಲಿಲ್ಲ.

ಗಂಟು ಹಾಕಿದವರು ಮೇಸ್ತ್ರಿ. ಒಂದು ಮಧ್ಯಾಹ್ನ ಊಟದ ಡಬ್ಬಿ ತೊಳೆದಿಟ್ಟು, ಒಂದು ಪೀಸು ಹಿಡಿದುಕೊಂಡು ನನ್ನ ಟೇಬಲ್ಲಿನ ಹತ್ತಿರ ಬಂದರು.

"ಸಾ, ಇದ್ಕೆ ಗ್ರೀಸ್ ಓಗಕ್ಕೆ ತೂತಿಲ್ಲ."

"ಡ್ರಾಯಿಂಗಲ್ಲಿ ಇಲ್ಲ ಮೇಸ್ತ್ರಿ, ಅದಕ್ಕೇ ಇಲ್ಲ."

"ಸ್ಪ್ಯಾನರ್ ಕೂರಕ್ಕೂ ಜಾಗ ಇಲ್ಲ. ಒಂದ್ಸಲ ತಿರುಗ್ಸಿ ಕೂರ್ಸಿ, ಪಕ್ಕದ್ ಈ ತೂತಲ್ಲಿ ಪಂಚ್ ಒಡ್ದು ಬಿಗುದ್ರೆ ಮುಗೀತು. ಮತ್ತೆ ಬಿಚ್ಚಂಗಿಲ್ಲ."

"ಇರಬಹುದು."

"ಬಿಚ್ಚಂಗಿಲ್ಲ ಅಂದ್ರೆ ರಿಪೇರಿ ಇಲ್ಲ. ರಿಪೇರಿ ಇಲ್ಲ ಅಂದ್ರೆ ಇದು ಒಂದೇ ಸಲ ಕೆಲ್ಸ ಮಾಡೋ ಪೀಸು ಸಾ. ಅಂತಾದ್ ಯಾವ್ದಿದೆ ಏಳಿ?"

ನಾನು ತಮಾಷೆ ಮಾಡಿದೆ. ದೀಪಾವಳಿ ಪಟಾಕಿ ಇರಬೇಕು ಬಿಡಿ ಎಂದೆ. ಅವರು ನಗಲಿಲ್ಲ. ಪೀಸನ್ನು ಟೇಬಲ್ಲಿನ ಮೇಲೆ ಇಟ್ಟು ಲೇತಿನ ಕಡೆ ಹೋದರು. ಟೇಬಲ್ಲಿನ ಮೇಲೆ ಕೂತ ಅದನ್ನು ನಾನು ಮೊದಲ ಸಲ ಸರಿಯಾಗಿ ನೋಡಿದೆ. ಕಿರಿದಾದ ಕಡೆಯನ್ನು ಮೇಲೆ ಮಾಡಿ ನಿಲ್ಲಿಸಿದ್ದರು. ಅದರ ಕೆಳಗೆ ಏನು ಬರುತ್ತದೆ, ಮೇಲೆ ಏನು ಬರುತ್ತದೆ ಎಂದು ಊಹಿಸಲು ಡಿಪ್ಲೊಮಾ ಬೇಕಾಗಿರಲಿಲ್ಲ.

ಡ್ರಾಯಿಂಗ್ ತಂದಿದ್ದ ಆ ಮಧ್ಯದವನಿಗೆ ಫೋನ್ ಮಾಡಿದೆ. ಅವನೇನೂ ಮುಚ್ಚಿಡಲಿಲ್ಲ. "ಫಿರಂಗಿ ಶೆಲ್ಲಿನ ಮೂತಿಗೆ ಬರೋದು ಸರ್. ಪೂರ್ತಿ ಎಕ್ಸ್‌ಪೋರ್ಟು. ಪೇಪರ್ ಎಲ್ಲಾ ಪಕ್ಕಾ ಇದೆ. ಹಾಸನದಲ್ಲಿ ಕೂತು ಡಿಫೆನ್ಸ್ ಕೆಲಸ ಮಾಡ್ತಿದೀರಿ, ಹೆಮ್ಮೆ ಪಡಿ ಸರ್!" ಎಂದ. ಯಾವ ದೇಶಕ್ಕೆ ಎಂದು ಕೇಳಿದೆ. ಅದು ತನಗೂ ಗೊತ್ತಿಲ್ಲ ಎಂದ. ನಿಜವೇ ಹೇಳಿದ ಎನಿಸುತ್ತದೆ. ಅವನ ಮೇಲೂ ಒಬ್ಬ ಮಧ್ಯದವನಿದ್ದ.

ಸುಳ್ಳೇಕೆ, ನನಗೆ ಸ್ವಲ್ಪ ಹೆಮ್ಮೆಯೇ ಆಯಿತು. ನಾನು ಚರಿತ್ರೆ ಓದುವ ಚಟದವನು. ಯುದ್ಧದಿಂದ ಬದುಕಿದವರು ನಾವೇ ಮೊದಲಲ್ಲ ಎಂದು ಮೇಸ್ತ್ರಿಗೆ ಪಾಠ ಮಾಡಿದೆ. ಚನ್ನರಾಯಪಟ್ಟಣದ ಕಡೆ ಈಗಲೂ ಕಾವಲು ಎಂದು ಕರೆಯುವ ಹುಲ್ಲುಗಾವಲುಗಳಿವೆ. ಅಮೃತಮಹಲ್ ಎತ್ತುಗಳನ್ನು ಸಾಕುತ್ತಿದ್ದದ್ದು ಅಂಥ ಕಾವಲುಗಳಲ್ಲಿ. ಆ ಎತ್ತುಗಳು ಹೆಸರು ಮಾಡಿದ್ದು ಉಳುವುದರಲ್ಲಲ್ಲ, ಫಿರಂಗಿ ಎಳೆಯುವುದರಲ್ಲಿ. ಮೈಸೂರಿನ ಸೈನ್ಯಕ್ಕೆ ಎಳೆದವು, ಮೈಸೂರು ಸೋತ ಮೇಲೆ ಅದೇ ತಳಿ ಇಂಗ್ಲಿಷರ ಫಿರಂಗಿಯನ್ನೂ ಎಳೆಯಿತು. ಸಾಕಿದವರು, ಮೇಯಿಸಿದವರು, ಲಾಳ ಹೊಡೆದವರು, ಎಲ್ಲರ ಒಲೆಯೂ ಅದರಿಂದಲೇ ಉರಿಯಿತು. ಅವರಲ್ಲಿ ಯಾರನ್ನು ಪಾಪಿ ಅನ್ನೋಣ? ಎರಡನೇ ಮಹಾಯುದ್ಧದ ಕಾಲವನ್ನು ನಮ್ಮ ಹಿರಿಯರು ಕಂಟ್ರೋಲ್ ಕಾಲ ಎನ್ನುತ್ತಿದ್ದರು. ಸೀಮೆಎಣ್ಣೆ, ಬಟ್ಟೆ ಎಲ್ಲಕ್ಕೂ ಕಂಟ್ರೋಲು. ಆಗ ಬಟ್ಟೆಯ ಗಂಟುಗಳನ್ನು ಹುಲ್ಲಿನ ಬಣವೆಯಲ್ಲಿ ಬಚ್ಚಿಟ್ಟು, ಹೆಣಕ್ಕೆ ಹೊದಿಸಲು ಬಟ್ಟೆಯಿಲ್ಲದೆ ಬಂದವರಿಗೆ ಹೇಳಿದ ಬೆಲೆಗೆ ಮಾರಿದವನ ಕತೆಯನ್ನು ನಮ್ಮಜ್ಜಿ ಹೇಳುತ್ತಿದ್ದಳು. ಅವನು ಪಾಪಿ, ಒಪ್ಪಿದೆ. ನಾನು ಏನನ್ನೂ ಬಚ್ಚಿಟ್ಟಿಲ್ಲ, ಯಾರ ಕೈಯಿಂದಲೂ ಕಿತ್ತುಕೊಂಡಿಲ್ಲ, ಕೊಟ್ಟ ಉಕ್ಕನ್ನು ಕೊಟ್ಟ ಅಳತೆಗೆ ಕಡೆದುಕೊಟ್ಟಿದ್ದೇನೆ. ದೇಶ ಎಂದ ಮೇಲೆ ಸೈನ್ಯ ಬೇಡವೇ, ಸೈನ್ಯಕ್ಕೆ ಶೆಲ್ ಬೇಡವೇ?

ಮೇಸ್ತ್ರಿ ಎಲ್ಲವನ್ನೂ ಕೇಳಿಸಿಕೊಂಡರು. "ನಮ್ ಸೈನ್ಯಕ್ಕೆ ಅಂದ್ರೆ ಬಾನ್ವಾರನೂ ಬಂದು ಮಾಡ್ಕೊಡ್ತೀನಿ ಸಾ. ಇದು ಯಾರ್ ಕೈಗೆ ಓಯ್ತದೆ, ಯಾರ್ ಮ್ಯಾಲ್ ಬೀಳ್ತದೆ ಅಂತ ನಿಮ್ಗಾದ್ರೂ ಗೊತ್ತಾ?" ಎಂದರು.

ಗೊತ್ತಿಲ್ಲ ಎಂದು ಒಪ್ಪಿಕೊಳ್ಳಲು ನನ್ನ ಜಂಬ ಬಿಡಲಿಲ್ಲ.

ಆ ಭಾನುವಾರ ಊರಿಗೆ ಹೋಗಿದ್ದೆ. ನಮ್ಮೂರು ಮೊಸಳೆ ಎಂಬ ಹಳ್ಳಿಯ ಹತ್ತಿರ. ಅಲ್ಲಿ ಅಣ್ಣನ ಸಂಸಾರ, ಅವ್ವ ಎಲ್ಲರೂ ಒಟ್ಟಿಗಿದ್ದಾರೆ, ಬೇಸಾಯ ಅಣ್ಣನದು. ನಮ್ಮ ಹೊಲದ ಬದುವಿನಲ್ಲಿ ಒಂದು ವೀರಗಲ್ಲಿದೆ. ಹಿಂದೊಮ್ಮೆ ಹಾಸನದ ಕಾಲೇಜಿನ ಮೇಷ್ಟ್ರೊಬ್ಬರು ಬಂದು ಸುಣ್ಣ ಬಳಿದು ಅದನ್ನು ಓದಿದ್ದರು. ಊರಿನ ದನಗಳನ್ನು ಹೊಡೆದುಕೊಂಡು ಹೋದವರ ಮೇಲೆ ಬಿದ್ದು, ದನಗಳನ್ನು ಬಿಡಿಸಿ, ಅಲ್ಲೇ ಸತ್ತವನ ಕಲ್ಲು ಅದು. ಸತ್ತವನ ಮನೆಯವರಿಗೆ ಊರು ಒಂದಿಷ್ಟು ಭೂಮಿ ಬಿಟ್ಟುಕೊಟ್ಟಿತಂತೆ. ಅಂಥ ಭೂಮಿಗೆ ಶಾಸನಗಳಲ್ಲಿ ನೆತ್ತರುಗೊಡಗೆ ಎನ್ನುತ್ತಾರೆ ಎಂದು ಮೇಷ್ಟ್ರು ಹೇಳಿದ್ದರು. ನೆತ್ತರಿಗೆ ಬದಲಾಗಿ ಕೊಟ್ಟ ನೆಲ. ನಮ್ಮ ಹೊಲವನ್ನು ಊರವರು ಈಗಲೂ ಕೊಡಗೆ ಹೊಲ ಎಂದೇ ಕರೆಯುವುದು. ಅವನು ನಮ್ಮ ವಂಶದವನೋ ಅಲ್ಲವೋ ದೇವರೇ ಬಲ್ಲ. ನಾನಂತೂ ನಮ್ಮವನೇ ಎಂದು ಹಿಂದಿನಿಂದಲೂ ಹೇಳಿಕೊಂಡು ಬಂದಿದ್ದೇನೆ.

ಅವ್ವ ಜಗುಲಿಯಲ್ಲಿ ಕೂತು ಅವರೆಕಾಯಿ ಸುಲಿಯುತ್ತಿದ್ದಳು. ಸುಮ್ಮನಿರಲಾರದೆ ವರ್ಕ್‌ಶಾಪಿನ ರಗಳೆಯನ್ನೆಲ್ಲ ಹೇಳಿದೆ. ಕೊನೆಗೆ, ನಾವು ಉಣ್ಣುವ ರಾಗಿಯೇ ಯುದ್ಧದಿಂದ ಬಂದ ಹೊಲದಲ್ಲಿ ಬೆಳೆದದ್ದು ಅಲ್ಲವೇನವ್ವಾ ಎಂದೆ. ಬಹಳ ಒಳ್ಳೆಯ ಮಾತು ಹೇಳಿದೆ ಎಂದುಕೊಂಡಿದ್ದೆ. ದಾರಿಯುದ್ದಕ್ಕೂ ಬೈಕಿನ ಮೇಲೆ ಕೂಡಿಸಿಕೊಂಡು ಬಂದ ಮಾತದು.

ಅವ್ವ ಕಾಯಿ ಸುಲಿಯುವುದನ್ನು ನಿಲ್ಲಿಸಲಿಲ್ಲ. "ಆ ನೆಲ ಅವ್ನು ಸತ್ತಿದ್ಕೆ ಕೊಟ್ಟಿದ್ದು ಕಣ್ಲಾ ಮಗ. ನೀನ್ ಎಲ್ ಸತ್ತಿದ್ದೀಯ?" ಎಂದಳು.

ಅಣ್ಣ ಒಳಗಿನಿಂದ ಗೊಳ್ಳೆಂದು ನಕ್ಕ. ನಾನೂ ನಕ್ಕೆ. ಆದರೆ ಮಾತು ನಾಟಿತ್ತು. ಚರಿತ್ರೆಯಲ್ಲಿ ಯುದ್ಧದಿಂದ ಉಂಡವರು ಇಲ್ಲವೆಂದಲ್ಲ. ಆದರೆ ಮೈಯೊಡ್ಡಿ ಉಂಡವರೇ ಬೇರೆ, ಮೈಯನ್ನು ಪಕ್ಕಕ್ಕಿಟ್ಟುಕೊಂಡು ಉಂಡವರೇ ಬೇರೆ. ನನ್ನ ಪಾಠದಲ್ಲಿ ಇಬ್ಬರನ್ನೂ ಒಂದೇ ಸಾಲಿನಲ್ಲಿ ಕೂರಿಸಿ ಎಲೆ ಹಾಕಿಬಿಟ್ಟಿದ್ದೆ. ಅವ್ವ ನನ್ನನ್ನು ಸಾಲಿನಿಂದ ಎಬ್ಬಿಸಿದಳು.

ಎಬ್ಬಿಸಿದ ಮಾತ್ರಕ್ಕೆ ಏಳುವ ಜಾತಿ ನಾನಲ್ಲ. ಸೋಮವಾರ ವರ್ಕ್‌ಶಾಪಿಗೆ ಬಂದು ಎಂದಿನಂತೆ ಕೆಲಸ ಮುಂದುವರಿಸಿದೆ. ಮೇಸ್ತ್ರಿ ಅಂದಿನಿಂದ ಆ ಪೀಸನ್ನು ಮುಟ್ಟಲಿಲ್ಲ. ಸಿಎನ್‌ಸಿಯ ಕಡೆಗೆ ಬೆನ್ನು ಮಾಡಿಕೊಂಡು, ಬರುವ ಒಂದೆರಡು ಬುಷ್ಷು ಶಾಫ್ಟುಗಳನ್ನು ಮಾಡಿಕೊಂಡಿದ್ದರು. ಒಂದು ಸಂಜೆ ಹೋಗುವಾಗ ಶಾಂತವಾಗಿಯೇ ಹೇಳಿದರು: "ಆಯುಧಪೂಜೆ ಕಳೀಲಿ ಸಾ. ಈ ಕೆಲ್ಸ ನಡೀತದೆ ಅನ್ನಂಗಿದ್ರೆ ನಾ ಬುಟ್ಬುಡ್ತೀನಿ. ನಿಮ್ ಮ್ಯಾಲ್ ಬೇಜಾರಿಲ್ಲ."

ನನ್ನ ಪರಿಸ್ಥಿತಿ ಇಷ್ಟೇ. ಆರ್ಡರ್ ಬಿಟ್ಟರೆ ಸಿಎನ್‌ಸಿಗೆ ಕೆಲಸವಿಲ್ಲ, ಅದರ ಮೇಲಿನ ಇಬ್ಬರಿಗೂ ಕೆಲಸವಿಲ್ಲ, ಉಳಿದವರದೂ ಕಷ್ಟವೇ. ಆರ್ಡರ್ ಹಿಡಿದರೆ ಮೇಸ್ತ್ರಿ ಇಲ್ಲ. ಇಪ್ಪತ್ತೆರಡು ವರ್ಷ ಒಂದೇ ಮಾಡಿನ ಕೆಳಗೆ ಊಟದ ಡಬ್ಬಿ ಬಿಚ್ಚಿದ ಮನುಷ್ಯ ಅವರು. ನನ್ನ ಹೆಂಡತಿಯ ಜೊತೆಗಿಂತ ಹೆಚ್ಚು ಹೊತ್ತು ನಾನು ಮಾತಾಡಿರುವುದು ಅವರ ಜೊತೆ. ಅವರು ಹೋಗುತ್ತಾರೆಂದರೆ ನನಗೆ ಹೆದರಿಕೆಯೇ ಆಯಿತು. ಹೊರಗೆ ಮಾತ್ರ, ಹೋಗುವವರನ್ನು ಹಿಡಿದಿಡಲು ಆಗುತ್ತದೆಯೇ ಎಂದು ದೊಡ್ಡಸ್ತಿಕೆ ತೋರಿಸಿಕೊಂಡು ಓಡಾಡಿದೆ.

ಆಯುಧಪೂಜೆ ಬಂತು. ನಮ್ಮಲ್ಲಿ ಒಂದು ಪದ್ಧತಿ ಇದೆ. ಆ ಹೊತ್ತಿಗೆ ಕೈಯಲ್ಲಿರುವ ಪ್ರತಿಯೊಂದು ಕೆಲಸದಿಂದ ಒಂದೊಂದು ಪೀಸನ್ನು ತೊಳೆದು, ಒರೆಸಿ, ದೊಡ್ಡ ಲೇತಿನ ಮುಂದೆ ಬಾಳೆ ಎಲೆಯ ಮೇಲೆ ಜೋಡಿಸಿ, ಕುಂಕುಮ ಇಟ್ಟು ಪೂಜೆ ಮಾಡುತ್ತೇವೆ. ಗಿರಾಕಿಗಳಿಗೆ ಮೊದಲೇ ಹೇಳಿ ಕಳಿಸಿರುತ್ತೇವೆ. ಅವರು ಬಂದು ತಮ್ಮ ತಮ್ಮ ಪೀಸನ್ನು ಕುಂಕುಮದ ಸಮೇತ ತಾವೇ ಎತ್ತಿಕೊಂಡು, ಕಡ್ಲೆಪುರಿ ಇಸಕೊಂಡು ಹೋಗಬೇಕು. ಎಲೆ ಖಾಲಿಯಾದ ಮೇಲೆ ನಾವು ಬಾಗಿಲು ಹಾಕುವುದು. ಎಲೆಯ ಮೇಲೆ ಪೀಸುಗಳನ್ನು ಜೋಡಿಸುವ ಕೆಲಸ ಯಾವಾಗಲೂ ಮೇಸ್ತ್ರಿಯದು.

ಅವರು ಎಲ್ಲವನ್ನೂ ಜೋಡಿಸಿದರು, ಅದೊಂದನ್ನು ಬಿಟ್ಟು. ಕೆಲಸದವರೆಲ್ಲ ನನ್ನ ಮುಖ ನೋಡಿದರು. ನನಗೆ ರೇಗಿತು. ಈ ಮಾಡಿನ ಶೀಟು, ಈ ಹಾರ, ಈ ಪುರಿಮೂಟೆ ಎಲ್ಲ ಯಾವುದರಿಂದ ಬಂತು ಎಂದು ಜೋರಾಗಿಯೇ ಕೇಳಿ, ಸಿಎನ್‌ಸಿಯ ಪಕ್ಕದ ಟ್ರೇಯಿಂದ ಒಂದು ಪೀಸು ತಂದು ಎಲೆಯ ನಟ್ಟನಡುವೆ ಇಟ್ಟೆ. ಮೇಸ್ತ್ರಿ ಉಳಿದವುಗಳಿಗೆ ಇಟ್ಟ ಹಾಗೆ ಅದಕ್ಕೂ ಕುಂಕುಮ ಇಟ್ಟರು, ಮಂಗಳಾರತಿ ಮಾಡಿದರು.

ಗಿರಾಕಿಗಳು ಬರತೊಡಗಿದರು. ಗಿರಣಿಯವನು ಶಾಫ್ಟನ್ನು ಹೆಗಲ ಮೇಲಿಟ್ಟುಕೊಂಡ. ಗಾಣದವರ ಮನೆಯ ಹೆಂಗಸು ಬುಷ್ಷನ್ನು ಸೆರಗಿನಲ್ಲಿ ಒರೆಸಿ, ಹೋದ ಸಲದ್ದು ಮೂರು ವರ್ಷ ಬಾಳಿತು ಎಂದು ಮೇಸ್ತ್ರಿಗೆ ವರದಿ ಒಪ್ಪಿಸಿದಳು. ಕೊಣನೂರಿನವನು ಒಲೆಬಾಗಿಲಿನ ಚಿಲಕ ತೆಗೆದುಕೊಂಡು, ಇನ್ನೊಂದು ಪೊಟ್ಟಣ ಪುರಿ ಕೊಡಿ, ಮನೇಲಿ ಮಕ್ಕಳು ಜಾಸ್ತಿ ಎಂದ. ಮೂರು ಗಂಟೆಯ ಹೊತ್ತಿಗೆ ಎಲೆಯ ಮೇಲೆ ಅದೊಂದೇ ಉಳಿಯಿತು. ಹುಡುಗರು ಮನೆಗೆ ಹೋದರು. ನಾನೂ ಮೇಸ್ತ್ರಿಯೂ ಸ್ಟೂಲಿನ ಮೇಲೆ ಕೂತಿದ್ದೆವು.

"ಇದ್ರ ಗಿರಾಕಿ ಬರ್ನಿಲ್ಲ ಸಾ."

"ಬೆಂಗಳೂರಿನವರು, ಎಲ್ಲಿ ಬರ್ತಾರೆ ಬಿಡಿ ಮೇಸ್ತ್ರಿ."

"ಅವ್ರಲ್ಲ ಸಾ. ಅವ್ರು ನಡುವಿನೋರು. ಇದು ಯಾರ್ ಮನೆ ಮ್ಯಾಲ್ ಓಗಿ ಬೀಳ್ತದೋ ಅವ್ರು. ಅವ್ರು ಬಂದು ಇಸ್ಕಂಡ್ ಓಗಕ್ಕಾಯ್ತದಾ? ನಾವು ಅವ್ರ ಕೈಗೆ ಪುರಿ ಕೊಡಕ್ಕಾಯ್ತದಾ?"

ಇಷ್ಟು ವರ್ಷ ನಾನು ಮಾಡಿಕೊಟ್ಟ ಪ್ರತಿಯೊಂದು ಪೀಸಿಗೂ ಒಂದು ಮುಖವಿತ್ತು. ಬೈಯುವ ಮುಖ, ಚೌಕಾಸಿ ಮಾಡುವ ಮುಖ, ಹಬ್ಬಕ್ಕೆ ಬಂದು ನಗುವ ಮುಖ. ಈ ಪೀಸಿಗೂ ಎಲ್ಲೋ ಒಂದು ಮುಖ ಇದ್ದೇ ಇತ್ತು. ಅದು ನನ್ನ ಬಾಗಿಲಿಗೆ ಬರಲಾರದು ಎನ್ನುವ ಧೈರ್ಯದ ಮೇಲೆಯೇ ನನ್ನ ಲಾಭ ನಿಂತಿತ್ತು. ಯುದ್ಧದ ವ್ಯಾಪಾರದ ಚರಿತ್ರೆಯಲ್ಲಿ ನಾನು ಓದಿದ್ದಕ್ಕಿಂತ ಹೆಚ್ಚಿನದು ಮೇಸ್ತ್ರಿಯ ಆ ಮಾತಿನಲ್ಲಿತ್ತು. ಗಿರಾಕಿಯನ್ನು ಕಣ್ಣೆತ್ತಿ ನೋಡಲಾಗದ ವ್ಯಾಪಾರ ನನಗೆ ಬೇಡ ಎಂದು ಆ ಸ್ಟೂಲಿನ ಮೇಲೆ ಕೂತೇ ತೀರ್ಮಾನ ಮಾಡಿದೆ. ಈಗಲೂ ಅದೇ ತೀರ್ಮಾನ. ಬೇರೆಯವರು ಏನಾದರೂ ಮಾಡಿಕೊಳ್ಳಲಿ, ಅವರಿಗೆ ಬುದ್ಧಿ ಹೇಳಲು ನಾನು ಹೋಗುವುದಿಲ್ಲ.

ಮಧ್ಯದವನಿಗೆ ಫೋನ್ ಮಾಡಿ, ಕೈಯಲ್ಲಿರುವ ಉಕ್ಕನ್ನು ವಾಪಸ್ ತೆಗೆದುಕೊಂಡು ಹೋಗು ಎಂದೆ. ರೇಟು ಸಾಲದೇ ಎಂದು ಕೇಳಿದ. ಅಲ್ಲ ಎಂದೆ. ಅವನಿಗೆ ಅರ್ಥವಾಗಲೇ ಇಲ್ಲ. ಸಿಎನ್‌ಸಿಯನ್ನು ಮಾರಿದೆ. ಅದನ್ನು ಕೊಂಡವನು ನಮ್ಮ ಹಿಂದಿನ ರಸ್ತೆಯವನೇ. ನನ್ನ ಇಬ್ಬರು ಆಪರೇಟರುಗಳೂ ಮಷಿನ್ನಿನ ಜೊತೆಗೇ ಅಲ್ಲಿಗೆ ಹೋದರು. ಅದೇ ನಂಬರಿನ ಪೀಸು ಈಗ ಅಲ್ಲಿ ಆಗುತ್ತಿದೆ ಎಂದು ಕೇಳಿದ್ದೇನೆ. ಇಡ್ಲಿ ನಿಂತು ಮತ್ತೆ ಟೀ ಬಂತು. ನಾನು ಬಿಟ್ಟದ್ದರಿಂದ ಯಾವ ಯುದ್ಧವೂ ನಿಲ್ಲಲಿಲ್ಲ, ಒಂದು ದಿನವೂ ತಡವಾಗಲಿಲ್ಲ. ಗೊತ್ತಿದ್ದೇ ಬಿಟ್ಟೆ. ನನ್ನ ಕೈ ನನ್ನದು, ಅದರಿಂದ ಏನು ಆಗಬೇಕು, ಏನು ಆಗಬಾರದು ಎಂದು ಹೇಳುವಷ್ಟು ಯಜಮಾನಿಕೆ ನನಗೆ ಉಂಟು.

ಇಷ್ಟೆಲ್ಲ ಆದ ಮೇಲೆ, ಉಕ್ಕು ತುಂಬಿದ ಲಾರಿ ಹೊರಟ ದಿನ, ಮೇಸ್ತ್ರಿಯ ಹತ್ತಿರ ಹೋಗಿ ನಿಂತೆ. ಒಂದು ಶಹಭಾಸ್‌ಗಿರಿ ಬೇಕಾಗಿತ್ತು ನನಗೆ, ಸಂಕೋಚವಿಲ್ಲದೆ ಹೇಳುತ್ತೇನೆ.

"ಆಯ್ತು ಮೇಸ್ತ್ರಿ. ಪೂರ್ತಿ ಬಿಟ್ಟೆ. ಇನ್ನಾದರೂ ಸಮಾಧಾನವಾಗಿ ಇರಿ."

"ಒಳ್ಳೇದ್ ಮಾಡುದ್ರಿ ಸಾ," ಎಂದರು. ಕೈಗೆ ಸೋಪಿನ ಪುಡಿ ಹಾಕಿಕೊಂಡು ತಿಕ್ಕುತ್ತಿದ್ದರು. ಉಗುರಿನ ಸಂದು ಉಜ್ಜುತ್ತಾ, "ಮೊದ್ಲು ಆರ್ ತಿಂಗ್ಳು ನಾನೇ ಮಾಡಿದ್ದು. ಅದ್ರಲ್ಲಿ ಒಂದೂ ರಿಜೆಕ್ಟಾಗಿ ವಾಪಸ್ ಬರ್ನಿಲ್ಲ," ಎಂದರು.

ಹೆಮ್ಮೆಯಿಂದ ಹೇಳುತ್ತಿದ್ದಾರೆ ಎಂದುಕೊಂಡೆ. "ಬರೋಕೆ ಸಾಧ್ಯವೇ ಇಲ್ಲ ಬಿಡಿ. ನಿಮ್ಮ ಕೈಯಲ್ಲಿ ಪೀಸು ಕೆಡುತ್ತದಾ?" ಎಂದೆ.

"ಅದೇ ಸಾ," ಎಂದರು. ನೀರು ಸುರಿದುಕೊಂಡು, ತೊಳೆದ ಕೈಗಳನ್ನು ಆಚೆ ಈಚೆ ತಿರುಗಿಸಿ ನೋಡಿಕೊಂಡರು. "ನಾಕ್ ಪೀಸಾದ್ರೂ ಕೆಟ್ಟಿರ್ಬಾರ್ದಿತ್ತಾ ಅನ್ಸ್ತದೆ."

ಅವರು ಕೈ ಒರೆಸಿಕೊಂಡು, ಡಬ್ಬಿಯ ಚೀಲ ಹೆಗಲಿಗೆ ಹಾಕಿಕೊಂಡು, ಬಸ್ಸಿಗೆ ಹೊತ್ತಾಯಿತೆಂದು ಹೊರಟರು.